ಕಾಲವನ್ನು ಹಿಂದಿರುಗಿಸುವ ವಾದ್ಯ



ಆರು ಸ್ವರ ನುಡಿಸಿದರೆ ಮೂರು ದಿನ ಹಿಂದಕ್ಕೆ ಹೋಗಬಹುದು ಎಂದು ಯಾರಾದರೂ ಹೇಳಿದರೆ ನೀವು ನಗುತ್ತೀರಿ. ಜಪಾನಿನ ನಿಂಟೆಂಡೊ ಕಂಪನಿಯ ವಿಡಿಯೊ ಆಟವೊಂದರಲ್ಲಿ ಇದು ನಿಜವಾಗಿಯೂ ನಡೆಯುತ್ತದೆ. 1998ರ 'ದಿ ಲೆಜೆಂಡ್ ಆಫ್ ಜೆಲ್ಡಾ: ಒಕರಿನಾ ಆಫ್ ಟೈಮ್' ಮತ್ತು ಅದರ ಮುಂದಿನ ಭಾಗವಾಗಿ 2000ದಲ್ಲಿ ಬಂದ 'ಮಜೋರಾಸ್ ಮಾಸ್ಕ್' ಆಟಗಳಲ್ಲಿ, ಲಿಂಕ್ ಎಂಬ ಹುಡುಗನ ಕೈಯಲ್ಲಿ ಈ ವಾದ್ಯವಿರುತ್ತದೆ. ಶಬ್ದಕ್ಕೂ ಕಾಲಕ್ಕೂ ಇಂಥ ನಂಟು ಬರೀ ಕಟ್ಟುಕಥೆಯೇ? ಇಂದು ಅದನ್ನೇ ಸ್ವಲ್ಪ ವಿಚಾರ ಮಾಡೋಣ.

ಒಕರಿನಾ ಕಲ್ಪನೆಯ ವಾದ್ಯವಲ್ಲ. ಅದು ಹೊಟ್ಟೆ ಉಬ್ಬಿದ, ಅಂಗೈಯಲ್ಲಿ ಹಿಡಿಯಬಹುದಾದ ಸುಟ್ಟ ಮಣ್ಣಿನ ವಾದ್ಯ. ಅದಕ್ಕೆ ಇಂದಿನ ರೂಪ ಕೊಟ್ಟವನು ಇಟಲಿಯ ಬುದ್ರಿಯೋ ಊರಿನ ಜುಸೆಪ್ಪೆ ದೊನಾತಿ, 1853ರಲ್ಲಿ. ಹೆಸರಿನ ಅರ್ಥ 'ಪುಟ್ಟ ಹೆಬ್ಬಾತು'. ನಮ್ಮ ಕೊಳಲಿನಲ್ಲಿ ರಂಧ್ರ ಎಲ್ಲಿದೆ ಎಂಬುದು ಮುಖ್ಯ. ಒಕರಿನಾದಲ್ಲಿ ಒಟ್ಟು ಎಷ್ಟು ಜಾಗ ತೆರೆದಿದೆ ಎಂಬುದು ಮುಖ್ಯ. ಖಾಲಿ ಸೀಸೆಯ ಬಾಯಿಗೆ ಊದಿದಾಗ ಬರುವ ಶಬ್ದದ ತತ್ವವೇ ಇದು.

ಈಗ ಆಟಕ್ಕೆ ಬರೋಣ. 'ಮಜೋರಾಸ್ ಮಾಸ್ಕ್'ನಲ್ಲಿ ಚಂದ್ರನು ಕ್ಲಾಕ್ ಟೌನ್ ಎಂಬ ಪಟ್ಟಣದ ಮೇಲೆ ಬೀಳಲು 72 ಗಂಟೆ ಮಾತ್ರ ಉಳಿದಿದೆ. ಮೂರು ಸ್ವರಗಳ ರಾಗವನ್ನು ಎರಡು ಸಲ ನುಡಿಸಿದರೆ ಮೊದಲ ದಿನದ ಬೆಳಗು ಮರಳುತ್ತದೆ. ಒಂದೊಂದು ಸ್ವರವನ್ನೂ ಎರಡೆರಡು ಬಾರಿ ಒತ್ತಿದರೆ ಕಾಲ ಮುಂದಕ್ಕೆ ಹಾರುತ್ತದೆ. ಅದೇ ರಾಗವನ್ನು ಹಿಂದುಮುಂದಾಗಿ ನುಡಿಸಿದರೆ? ಕಾಲ ಹಿಂದಕ್ಕೆ ಹೋದೀತು ಎಂದು ನೀವು ಎಣಿಸಬಹುದು. ಇಲ್ಲ, ಅದು ಬರೀ ನಿಧಾನವಾಗುತ್ತದೆ. ನನ್ನ ಅಭಿಪ್ರಾಯದಲ್ಲಿ ಕಥೆ ಕಟ್ಟಿದವರು ಇಲ್ಲಿ ಒಂದು ಒಳ್ಳೆಯ ಅವಕಾಶವನ್ನು ಬಿಟ್ಟುಕೊಟ್ಟಿದ್ದಾರೆ. ಏಕೆಂದರೆ ಹಿಂದುಮುಂದಾದ ಶಬ್ದದಲ್ಲೇ ನಿಜವಾದ ವಿಜ್ಞಾನ ಅಡಗಿದೆ.

ಆದರೆ ಒಂದು ವಿಷಯದಲ್ಲಿ ಅವರು ಬಹಳ ಪ್ರಾಮಾಣಿಕರು. ಲಿಂಕ್ ಹಿಂದಕ್ಕೆ ಹೋದಾಗ, ಅವನು ಮೂರು ದಿನ ಓಡಾಡಿ ಸಂತೈಸಿದ ಜನರು ಅವನನ್ನು ಗುರುತಿಸುವುದಿಲ್ಲ. ಅವರ ಕಷ್ಟ ಮತ್ತೆ ಮೊದಲಿನಂತೆಯೇ ಇರುತ್ತದೆ. ಆದರೆ ಬ್ಯಾಂಕಿನಲ್ಲಿಟ್ಟ ಹಣ ಉಳಿಯುತ್ತದೆ! ಆ ಹಣದ ಹೆಸರೂ 'ರೂಪಿ' ಎಂಬುದು ನಮಗೆ ತಮಾಷೆಯಾಗಿ ತೋರಬಹುದು.

ಈಗ ವಿಜ್ಞಾನ. ಹಿಂದೆ ಟೇಪಿನ ಮೇಲೆ ಸಂಕಲನ ಮಾಡುತ್ತಿದ್ದಾಗ, ದೇವಸ್ಥಾನದ ಗಂಟೆಯ ದನಿಯನ್ನು ಹಿಂದಕ್ಕೆ ಓಡಿಸಿದರೆ ವಿಚಿತ್ರವಾಗಿ ಕೇಳುತ್ತಿತ್ತು. ಎಲ್ಲಿಂದಲೋ ಸಣ್ಣ ಗುಂಯ್‌ಗುಡುವಿಕೆ ಹುಟ್ಟಿ, ಬೆಳೆಬೆಳೆದು, ಕೊನೆಗೆ ಒಂದೇ ಏಟಿನಲ್ಲಿ ನಿಂತುಬಿಡುತ್ತಿತ್ತು. ಒಂದೇ ಧ್ವನಿವರ್ಧಕದಿಂದ ನುಡಿಸಿದರೆ ಇದು ಬರೀ ಮೋಜು. ಆದರೆ ಗಂಟೆಯ ಸುತ್ತಲೂ ನೂರಾರು ಮೈಕುಗಳಿದ್ದು, ಪ್ರತಿಯೊಂದೂ ತಾನು ಕೇಳಿದ್ದನ್ನು ಕೊನೆಯಿಂದ ಮೊದಲಿಗೆ, ತಾನಿದ್ದ ಸ್ಥಳದಿಂದಲೇ ಏಕಕಾಲದಲ್ಲಿ ಹಿಂದಿರುಗಿಸಿದರೆ? ಅಲೆಗಳು ಬಂದ ದಾರಿಯಲ್ಲೇ ಮರಳಿ ಗಂಟೆಯಿದ್ದ ಜಾಗದಲ್ಲಿ ಕೂಡಿಕೊಳ್ಳುತ್ತವೆ.

ಇದು ಊಹೆಯಲ್ಲ. ಪ್ಯಾರಿಸ್ಸಿನ ಭೌತವಿಜ್ಞಾನಿ ಮತಿಯಾಸ್ ಫಿಂಕ್ ಮತ್ತು ಸಂಗಡಿಗರು ಇಂಥ ಉಪಕರಣವನ್ನು ಕಟ್ಟಿದರು. ಅದರ ಹೆಸರು 'ಕಾಲ-ವಿಪರ್ಯಯ ದರ್ಪಣ'. 1995ರಲ್ಲಿ ಪ್ರಕಟವಾದ ಪ್ರಯೋಗವೊಂದರಲ್ಲಿ ಅವರು ನೀರಿನಲ್ಲಿ ಸುಮಾರು 2000 ಉಕ್ಕಿನ ಕಡ್ಡಿಗಳನ್ನು ಕಾಡಿನಂತೆ ನಿಲ್ಲಿಸಿ, ಆಚೆಯಿಂದ ಒಂದು ಕ್ಷಣಿಕ ಶ್ರವಣಾತೀತ ಶಬ್ದವನ್ನು ಬಿಟ್ಟರು. ಸೆಕೆಂಡಿನ ಹತ್ತು ಲಕ್ಷದ ಒಂದು ಭಾಗದಷ್ಟು ಕಾಲದ ಆ ಶಬ್ದ ಕಡ್ಡಿಗಳಿಗೆ ಬಡಿದು ಚದುರಿ, ಅದರ ನೂರಾರು ಪಟ್ಟು ಉದ್ದದ ಗದ್ದಲವಾಗಿ ಈಚೆಗೆ ಬಂತು. ಆ ಗದ್ದಲವನ್ನು ತಿರುಗಿಸಿ ಕಳಿಸಿದಾಗ, ಕಡ್ಡಿಗಳ ನಡುವೆ ಹಾದು, ಹೊರಟ ಬಿಂದುವಿನಲ್ಲೇ ಮತ್ತೆ ಚುಟುಕಾದ ಒಂದು ಮಿಡಿತವಾಯಿತು.

ಇದು ಹೇಗೆ ಸಾಧ್ಯ? ಶಬ್ದದ ಅಲೆಯನ್ನು ವಿವರಿಸುವ ಸಮೀಕರಣದಲ್ಲಿ ಕಾಲದ ಚಿಹ್ನೆಯನ್ನು ಧನದಿಂದ ಋಣಕ್ಕೆ ಬದಲಿಸಿ ನೋಡಿ. ಸಮೀಕರಣ ಹಾಗೆಯೇ ಉಳಿಯುತ್ತದೆ. ಅಂದರೆ ಹರಡುವ ಅಲೆಯಷ್ಟೇ ಸಹಜವಾಗಿ, ಕೂಡಿಕೊಳ್ಳುವ ಅಲೆಗೂ ಪ್ರಕೃತಿಯ ಒಪ್ಪಿಗೆ ಇದೆ. ಮೂತ್ರಪಿಂಡದ ಕಲ್ಲಿನಿಂದ ಬಂದ ಪ್ರತಿಧ್ವನಿಯನ್ನು ಹೀಗೆ ತಿರುಗಿಸಿ, ಉಸಿರಾಟದೊಂದಿಗೆ ಸರಿದಾಡುವ ಆ ಕಲ್ಲಿನ ಮೇಲೆಯೇ ಶಬ್ದವನ್ನು ಕೇಂದ್ರೀಕರಿಸುವ ಪ್ರಯತ್ನವನ್ನೂ ಫಿಂಕ್ ತಂಡ ಮಾಡಿತು.

ಆದರೂ ಪ್ರಯೋಗಾಲಯದ ಗಡಿಯಾರ ಮುಂದಕ್ಕೇ ಓಡುತ್ತಿರುತ್ತದೆ. ಅಲೆ ಮೊದಲು ಬರಬೇಕು, ದಾಖಲಾಗಬೇಕು, ಆಮೇಲೆ ಮರಳಬೇಕು. ದಾರಿಯಲ್ಲಿ ಒಂದಷ್ಟು ಶಬ್ದಶಕ್ತಿ ಶಾಖವಾಗಿ ಹೋಗಿರುತ್ತದೆ. ಆ ಶಾಖವನ್ನು ಯಾವ ದರ್ಪಣವೂ ಮತ್ತೆ ಅಲೆಯಾಗಿಸದು. ಲಿಂಕ್‌ನ ವಾದ್ಯ ಚಂದ್ರನನ್ನೂ ಪಟ್ಟಣವನ್ನೂ ಜನರ ನೆನಪನ್ನೂ ಒಟ್ಟಿಗೆ ಹಿಂದಕ್ಕೆ ಎಳೆಯುತ್ತದೆ. ಫಿಂಕ್‌ರ ದರ್ಪಣ ಒಂದು ಅಲೆಯನ್ನಷ್ಟೇ. ಅದನ್ನು ನೋಡಿದವರಿಗೆ ನೋಡಿದ್ದು ನೆನಪಿರುತ್ತದೆ.

ಮೊಬೈಲ್ ಫೋನಿನಲ್ಲಿ ಒಂದು ಚಪ್ಪಾಳೆಯನ್ನು ಮುದ್ರಿಸಿ, ಹಿಂದುಮುಂದಾಗಿಸಿ ಕೇಳಿ. ಮೊದಲು ಖಾಲಿ ಕೋಣೆಯಲ್ಲಿ, ಆಮೇಲೆ ಬಟ್ಟೆ, ಹಾಸಿಗೆಗಳು ತುಂಬಿದ ಕೋಣೆಯಲ್ಲಿ. ಎರಡರ ವ್ಯತ್ಯಾಸಕ್ಕೆ ಕಾರಣವನ್ನು ನೀವೇ ಬರೆದು ನಿಮ್ಮ ವಿಜ್ಞಾನ ಉಪಾಧ್ಯಾಯರಿಗೆ ತೋರಿಸಿ.