ಹಾಡು ಜನರದು, ಬೀಗದಕೈ ಧಣಿಯದು

(ಗಿರಣಿ ಕಾರ್ಮಿಕರ ಮತ್ತು ಸಣ್ಣ ವ್ಯಾಪಾರಿಗಳ ಕೂಟದಲ್ಲಿ ಮಾಡಿದ ಭಾಷಣ)

ಇವತ್ತು ಮನರಂಜನೆಯ ಬಗ್ಗೆ ಮಾತಾಡುತ್ತೇನೆಂದಾಗ ಕೆಲವರು ನಕ್ಕಿರಿ. ದುಡಿದು ದಣಿದವನಿಗೆ ಅನ್ನದಷ್ಟೇ ಹಾಡೂ ಬೇಕು. ಆ ಹಾಡಿನ ಬೀಗದಕೈ ಯಾರ ಬಳಿ ಇದೆಯೆಂಬುದು ನಗುವ ಮಾತಲ್ಲ. ಇಂಡೋನೇಷ್ಯಾದ ಕಥೆ ಕೇಳಿ.

ಮಲಯ ಹಾಡು, ಅರಬ್ಬಿ ರಾಗ, ನಮ್ಮ ಹಿಂದಿ ಸಿನಿಮಾದ ಧಾಟಿ ಸೇರಿ ಅಲ್ಲಿ ಬಡವರ ಸಂಗೀತವೊಂದು ಬೆಳೆಯಿತು. ಅದರ ಚರ್ಮವಾದ್ಯದ ಸದ್ದನ್ನು ಅಣಕಿಸಿ ಸಿರಿವಂತರು ‘ದಂಗ್‌ದುತ್’ ಎಂದು ಹೀಯಾಳಿಸಿದರು. ಜನ ಆ ಹೆಸರನ್ನೇ ಹೆಮ್ಮೆಯಿಂದ ಇಟ್ಟುಕೊಂಡರು. 1970ರ ದಶಕದಲ್ಲಿ ರೋಮಾ ಇರಾಮಾ ಎಂಬ ಗಾಯಕರು ಅದನ್ನು ದೇಶಕ್ಕೆಲ್ಲ ಮುಟ್ಟಿಸಿದರು. 1977ರ ಚುನಾವಣೆಯಲ್ಲಿ ಅವರು ವಿರೋಧ ಪಕ್ಷದ ಪರ ನಿಂತರು. ಸುಮಾರು ಹತ್ತು ವರ್ಷ ಸರಕಾರದ ಟೆಲಿವಿಷನ್ ಅವರಿಗೆ ಬಾಗಿಲು ಮುಚ್ಚಿತು. ಜನ ಕ್ಯಾಸೆಟ್ಟಿನಲ್ಲಿ ಕೇಳಿದರು.

ಮುಂದೆ ಅದೇ ರೋಮಾ, 2003ರಲ್ಲಿ, ಇನುಲ್ ದಾರಾತಿಸ್ತಾ ಎಂಬ ಹಳ್ಳಿಯ ಗಾಯಕಿಯ ಕುಣಿತ ಸಲ್ಲದೆಂದು ಖಂಡಿಸಿದರು! ಆಕೆಯನ್ನು ಮೇಲೆತ್ತಿದ್ದು ಬೀದಿಬದಿಯಲ್ಲಿ ಮಾರುತ್ತಿದ್ದ ಕಳ್ಳಪ್ರತಿ ಡಿಸ್ಕುಗಳು.

ಆಮೇಲೆ ಮೊಬೈಲು ಬಂತು. 2011ರಲ್ಲಿ ಗೊರೊಂತಾಲೊದ ಪೊಲೀಸ್ ಪೇದೆಯೊಬ್ಬ ಹಿಂದಿ ಸಿನಿಮಾ ಹಾಡಿಗೆ ತುಟಿಯಾಡಿಸಿದ ವಿಡಿಯೋ ಯೂಟ್ಯೂಬಿನಲ್ಲಿ ದೇಶವನ್ನೇ ಕುಣಿಸಿತು. ಇನ್ನು ಯಾರ ಅಪ್ಪಣೆಯೂ ಬೇಡವೆಂದು ಜನ ನಂಬಿದರು.

ನಂಬಿಕೆ ನಿಜವಾಯಿತೇ? ಹಾಡು ತೋರಿಸುವ ಟಿಕ್‌ಟಾಕ್ ಅಂಗಡಿಯನ್ನೂ ತೆರೆಯಿತು. ಅಲ್ಲಿನ ಅಗ್ಗದ ಮಾಲಿನಿಂದ ತಾವು ಕೆಟ್ಟೆವೆಂದು ಜಕಾರ್ತದ ತಾನಾ ಅಬಾಂಗ್ ಪೇಟೆಯ ಬಟ್ಟೆ ವ್ಯಾಪಾರಿಗಳು ಗೋಳಿಟ್ಟರು. 2023ರ ಸೆಪ್ಟೆಂಬರಿನಲ್ಲಿ ಸರಕಾರ ಆ ಮಾರಾಟವನ್ನು ನಿಷೇಧಿಸಿತು. ಡಿಸೆಂಬರಿನಲ್ಲಿ ಕಂಪನಿ ತೊಕೊಪೀಡಿಯಾ ಎಂಬ ದೇಶೀ ಸಂಸ್ಥೆಯ ಹೆಚ್ಚಿನ ಪಾಲನ್ನು ಕೊಳ್ಳಲು ಒಪ್ಪಂದ ಮಾಡಿಕೊಂಡು, ಹಿಂಬಾಗಿಲಿನಿಂದ ಮರಳಿತು.

2025ರ ಆಗಸ್ಟಿನಲ್ಲಿ ಪೊಲೀಸ್ ವಾಹನ ಹರಿದು ಬಾಡಿಗೆ ಮೋಟಾರ್ ಸೈಕಲ್ ಓಡಿಸುವ ಯುವಕನೊಬ್ಬ ಸತ್ತ. ಜನ ಬೀದಿಗಿಳಿದರು. 30ರಂದು ಕಂಪನಿ ನೇರ ಪ್ರಸಾರವನ್ನು ನಿಲ್ಲಿಸಿತು. ಪ್ರತಿಭಟನೆ ತೋರಿಸುವವನ ಬಾಯಿ ಕಟ್ಟಿತು. ಅದೇ ಪ್ರಸಾರದಲ್ಲಿ ಬಟ್ಟೆ ಬಿಡಿಸಿ ತೋರಿಸಿ ಮಾರುವ ಬಡಪಾಯಿಯ ವ್ಯಾಪಾರವೂ ಕೆಲವು ದಿನ ನಿಂತಿತು. ಅವನನ್ನು ಕೇಳಿದವರು ಯಾರು?

ಮಿತ್ರರೇ, ಮೊಬೈಲನ್ನು ಬಯ್ಯಬೇಡಿ. ಅದು ಬಡವನ ಹಾಡನ್ನೂ ಊರಾಚೆ ಒಯ್ದಿದೆ. ಆದರೆ ಬೀಗದಕೈ ಸರಕಾರದ ಬಳಿಯಿದ್ದಾಗ ಹಾಡುಗಾರ ಹೊರಗುಳಿದ. ಕಂಪನಿಯ ಬಳಿ ಹೋದಾಗ ವ್ಯಾಪಾರಿಯೂ ಹೊರಗುಳಿದ. ಹಾಡುವವನಿಗೆ, ಮಾರುವವನಿಗೆ ಕಾರಣ ಹೇಳದೆ ಬಾಗಿಲು ಮುಚ್ಚಬಾರದೆಂಬ ಕಟ್ಟಳೆ ಬೇಕು. ಅದನ್ನು ಒಬ್ಬೊಬ್ಬರೇ ಕೇಳಿದರೆ ಯಾರೂ ಕೊಡುವುದಿಲ್ಲ, ಕೂಡಿ ಕೇಳಬೇಕು.