ಕೀರ್ತಿಭವನ ಬರಿದಾಗುವುದು ಏಕೆ?



ನಮ್ಮ ಪಟ್ಟಣಗಳಲ್ಲಿ ವೃತ್ತವೊಂದಕ್ಕೆ ಯಾರ ಹೆಸರಿಡಬೇಕೆಂಬ ಪ್ರಶ್ನೆ ಎದ್ದಾಗ ಊರೇ ಎರಡು ಪಾಲಾಗುತ್ತದೆ. ಹೆಸರಿಟ್ಟ ಮರುವರ್ಷ ಆ ಫಲಕದ ಧೂಳು ಒರೆಸುವವರು ಸಿಗುವುದಿಲ್ಲ. ಮಹನೀಯರನ್ನು ಆರಿಸುವ ಉತ್ಸಾಹಕ್ಕೂ ಅವರನ್ನು ಅರಿಯುವ ಶ್ರಮಕ್ಕೂ ನಡುವೆ ಇರುವ ಈ ಅಂತರವನ್ನು ಕುರಿತು ಇಂದು ಕೆಲವು ಮಾತು ಹೇಳಬಯಸುತ್ತೇವೆ. ಇದಕ್ಕೆ ದೂರದ ಒಂದು ರಾಷ್ಟ್ರದಲ್ಲಿ ಸ್ಪಷ್ಟ ನಿದರ್ಶನವಿದೆ.

ಹಾಲ್ ಆಫ್ ಫೇಮ್ ಎಂಬ ಮಾತನ್ನು ಇಂದು ಕ್ರೀಡೆಯ ಸುದ್ದಿಗಳಲ್ಲಿ ಪದೇ ಪದೇ ಓದುತ್ತೇವೆ. ಅಮೆರಿಕದಲ್ಲಿ ಆ ಹೆಸರು ಹೊತ್ತ ಮೂಲ ಸಂಸ್ಥೆಯನ್ನು ನ್ಯೂಯಾರ್ಕ್ ವಿಶ್ವವಿದ್ಯಾಲಯವು ಬ್ರಾಂಕ್ಸ್‌ನ ತನ್ನ ಆವರಣದಲ್ಲಿ ಕಟ್ಟಿಸಿ 1901ರಲ್ಲಿ ಲೋಕಾರ್ಪಣೆ ಮಾಡಿತು. ಮಹಾನ್ ಅಮೆರಿಕನ್ನರ ಈ ಕೀರ್ತಿಭವನವು ಕುಲಪತಿ ಹೆನ್ರಿ ಮೆಕ್ರಾಕೆನ್ ಅವರ ಕನಸು; ವಾಸ್ತುಶಿಲ್ಪಿ ಸ್ಟ್ಯಾನ್‌ಫರ್ಡ್ ವೈಟ್. 630 ಅಡಿ ಉದ್ದದ ತೆರೆದ ಕಂಬಸಾಲಿನ ನಡುವೆ ಕಂಚಿನ ಎದೆಮಟ್ಟದ ಪ್ರತಿಮೆಗಳನ್ನು ಇರಿಸುವ ಯೋಜನೆ ಅದಾಗಿತ್ತು. ದೇಶದ ಸುಮಾರು ನೂರು ಗಣ್ಯರು ಮತ ಹಾಕಿ ಹೆಸರುಗಳನ್ನು ಆರಿಸುತ್ತಿದ್ದರು. 1900ರ ಮೊದಲ ಚುನಾವಣೆಯಲ್ಲಿ 29 ಮಂದಿ ಆಯ್ಕೆಯಾದರು. ಚಲಾಯಿತವಾದ 97 ಮತಗಳೂ ಜಾರ್ಜ್ ವಾಷಿಂಗ್ಟನ್‌ಗೆ ಬಿದ್ದವು. ಆರಂಭದ ದಶಕಗಳಲ್ಲಿ ಈ ಚುನಾವಣೆ ಪತ್ರಿಕೆಗಳಿಗೆ ದೊಡ್ಡ ಸುದ್ದಿಯಾಗಿತ್ತು.

ಆದರೆ ಆರಿಸುವವರ ಕಣ್ಣಳತೆಯೇ ಕೀರ್ತಿಯ ಅಳತೆಯಾಯಿತು. ಆ 29 ಮಂದಿಯಲ್ಲಿ ಒಬ್ಬ ಮಹಿಳೆಯೂ ಇರಲಿಲ್ಲ. ವಿದೇಶದಲ್ಲಿ ಜನಿಸಿದವರಿಗೆ ಪ್ರವೇಶವಿಲ್ಲವೆಂಬ ನಿಯಮದಿಂದ ರಾಷ್ಟ್ರದ ಹಣಕಾಸು ವ್ಯವಸ್ಥೆಗೆ ತಳಪಾಯ ಹಾಕಿದ ಅಲೆಕ್ಸಾಂಡರ್ ಹ್ಯಾಮಿಲ್ಟನ್ 1915ರವರೆಗೆ ಹೊರಗೇ ಉಳಿದರು. ಕಪ್ಪು ಜನಾಂಗದ ಮೊದಲ ವ್ಯಕ್ತಿಯಾಗಿ ಬೂಕರ್ ಟಿ. ವಾಷಿಂಗ್ಟನ್ ಆಯ್ಕೆಯಾದದ್ದು 1945ರಲ್ಲಿ. ಗುಲಾಮಗಿರಿಯ ಪರ ಯುದ್ಧ ಮಾಡಿದ ದಕ್ಷಿಣದ ಸೇನಾನಿ ರಾಬರ್ಟ್ ಲೀ ಮಾತ್ರ 1900ರಲ್ಲಿಯೇ ಒಳಗಿದ್ದರು.

ಮುಂದೆ ಮನೆಯ ಯಜಮಾನನೇ ಬದಲಾದ. 1973ರಲ್ಲಿ ವಿಶ್ವವಿದ್ಯಾಲಯವು ಆ ಆವರಣವನ್ನು ಮಾರಿತು. ಅಲ್ಲಿಗೆ ಬ್ರಾಂಕ್ಸ್ ಸಮುದಾಯ ಕಾಲೇಜು ಬಂದಿತು. ಹಣ ಹೊಂದಿಸುವವರಿಲ್ಲದೆ 1976ರ ನಂತರ ಚುನಾವಣೆ ನಡೆಯುವುದು ನಿಂತೇ ಹೋಯಿತು. ಆಯ್ಕೆಯಾದವರು 102, ಸ್ಥಾಪನೆಯಾದ ಪ್ರತಿಮೆಗಳು 98. ರೆಡ್‌ಕ್ರಾಸ್‌ನ ಕ್ಲಾರಾ ಬಾರ್ಟನ್, ಗ್ರಂಥಾಲಯಗಳಿಗೆ ಸಂಪತ್ತು ಸುರಿದ ಆಂಡ್ರ್ಯೂ ಕಾರ್ನೆಗಿ ಅವರಂಥವರ ಹೆಸರು ಆಯ್ಕೆಯಾಯಿತೇ ಹೊರತು ಪ್ರತಿಮೆ ಬರಲಿಲ್ಲ. 1973ರಲ್ಲಿ ಆಯ್ಕೆಯಾದ ಅಧ್ಯಕ್ಷ ಫ್ರಾಂಕ್ಲಿನ್ ರೂಸ್‌ವೆಲ್ಟ್ ಅವರ ಪ್ರತಿಮೆಗೂ 1992ರವರೆಗೆ ಕಾಯಬೇಕಾಯಿತು. 2017ರಲ್ಲಿ ಲೀ ಹಾಗೂ ಆತನ ಸಹ ಸೇನಾನಿ ಜಾಕ್ಸನ್‌ನ ಪ್ರತಿಮೆಗಳನ್ನು ತೆರವುಗೊಳಿಸಲಾಯಿತು. ಕಂಬಗಳು ಇಂದಿಗೂ ನಿಂತಿವೆ. ರಾಷ್ಟ್ರದ ಗಮನ ಮಾತ್ರ ಎಂದೋ ಬೇರೆಡೆಗೆ ಹೋಗಿದೆ.

ಈಗ ನಮ್ಮ ನೆಲಕ್ಕೆ ಬರೋಣ. ಶಹಾಪುರದ ಸಮೀಪದ ಗೋಗಿಯಲ್ಲಿ ಬಿಜಾಪುರದ ಆದಿಲ್‌ಶಾಹಿ ರಾಜ್ಯವನ್ನು ಸ್ಥಾಪಿಸಿದ ಯೂಸುಫ್ ಮತ್ತು ಆತನ ನಂತರದ ಇಸ್ಮಾಯಿಲ್, ಮಲ್ಲೂ, ಒಂದನೇ ಇಬ್ರಾಹಿಂ ಇವರ ಸಮಾಧಿಗಳಿವೆ. ಅವರು ಆರಿಸಿಕೊಂಡ ನೆರೆ ಸೂಫಿ ಸಂತ ಚಂದಾ ಹುಸೇನಿ. ಅಲ್ಲಿಗೆ ಜನ ಬರುವುದು ದರ್ವೇಶಿಯ ಹೆಸರಿಗೆ. ದೊರೆಗಳು ಆ ನೆರಳಿನಲ್ಲಿ ಮಲಗಿದ್ದಾರೆ. ಮತ ಹಾಕಿ ಆರಿಸಿದ ಕೀರ್ತಿಗೂ ಜನರ ಎದೆಯಲ್ಲಿ ಉಳಿದ ಗೌರವಕ್ಕೂ ಇರುವ ವ್ಯತ್ಯಾಸಕ್ಕೆ ಇದಕ್ಕಿಂತ ಬೇರೆ ಪಾಠ ಬೇಕೇ? ಆದರೂ ಆ ನಾಲ್ವರ ಹೆಸರನ್ನು ಕ್ರಮವಾಗಿ ಹೇಳಬಲ್ಲ ಮಕ್ಕಳು ನಮ್ಮ ಮನೆಗಳಲ್ಲಿ ಎಷ್ಟು ಮಂದಿ?

ಸುರಪುರದಲ್ಲಿ ಗುಡ್ಡದ ಮೇಲೆ ಟೇಲರ್ ಮಂಜಿಲ್ ಇದೆ. ಅಲ್ಲಿ ಆಡಳಿತ ನಡೆಸಿದ ಬ್ರಿಟಿಷ್ ಅಧಿಕಾರಿ ಮೆಡೋಸ್ ಟೇಲರ್ ಅವರ ಹೆಸರನ್ನು ಆ ಕಟ್ಟಡ ಉಳಿಸಿದೆ. ಅವರ ಪೋಷಣೆಯಲ್ಲಿ ಬೆಳೆದ ರಾಜಾ ವೆಂಕಟಪ್ಪ ನಾಯಕರು 1858ರಲ್ಲಿ ಬ್ರಿಟಿಷರ ವಿರುದ್ಧ ಎದ್ದು, ಸೆರೆಯಾಗಿ, ಅದೇ ವರ್ಷ ಎಳೆ ವಯಸ್ಸಿನಲ್ಲಿ ಮರಣ ಹೊಂದಿದರು. ಅವರ ಕಥೆಯನ್ನು ನಾವು ಬಹುಪಾಲು ತಿಳಿಯುವುದು ಟೇಲರ್ ಅವರ ಲೇಖನಿಯಿಂದ, 1877ರಲ್ಲಿ ಮುದ್ರಿತವಾದ ಅವರ ಆತ್ಮಕಥೆಯಿಂದ. ಸೋತವನ ಮಾತನ್ನೂ ಗೆದ್ದವನೇ ಬರೆದಿಟ್ಟನು. ಆಗ ನಾವು ಬರೆಯಲಿಲ್ಲ; ಈಗಲೂ ಬರೆಯುತ್ತಿಲ್ಲ.

ಸಹೋದರರೇ, ನಷ್ಟ ಇನ್ನೂ ಮುಂದುವರಿದಿದೆ. ಈ ಸೀಮೆ 1948ರವರೆಗೆ ನಿಜಾಮರ ಆಳ್ವಿಕೆಯಲ್ಲಿತ್ತು. ಆ ಕಾಲದ ಆಡಳಿತ ಭಾಷೆ ಉರ್ದು. ನಮ್ಮ ಅಜ್ಜಂದಿರ ಕಾಲದ ಭೂಮಿಯ ಕಾಗದ, ಮಸೀದಿಯ ಲೆಕ್ಕ, ಕುಟುಂಬದ ಪತ್ರಗಳು ಹಲವು ಮನೆಗಳಲ್ಲಿ ಟ್ರಂಕಿನ ತಳದಲ್ಲಿವೆ. ಅವನ್ನು ಓದಬಲ್ಲ ಹಿರಿಯರು ವರ್ಷ ವರ್ಷಕ್ಕೂ ನಮ್ಮನ್ನು ಅಗಲುತ್ತಿದ್ದಾರೆ. ಕನ್ನಡದಲ್ಲಿ ಕಲಿತ ಮೊಮ್ಮಕ್ಕಳಿಗೆ ಆ ಅಕ್ಷರ ತಿಳಿಯದು. ಪ್ರತಿಮೆ ಬೀಳುವುದು ಎಲ್ಲರ ಕಣ್ಣಿಗೂ ಕಾಣುತ್ತದೆ; ಕಾಗದವನ್ನು ಗೆದ್ದಲು ತಿನ್ನುವ ಸದ್ದು ಯಾರಿಗೂ ಕೇಳಿಸದು.

ಆದುದರಿಂದ ನಮ್ಮ ಕೋರಿಕೆ ಸರಳವಾದುದು. ಪ್ರತಿ ಮೊಹಲ್ಲಾದಲ್ಲಿಯೂ ಉರ್ದು ಬಲ್ಲ ಒಬ್ಬ ಹಿರಿಯರ ಬಳಿ ಕನ್ನಡ ಬರೆಯಬಲ್ಲ ಒಬ್ಬ ವಿದ್ಯಾರ್ಥಿಯೋ ವಿದ್ಯಾರ್ಥಿನಿಯೋ ವಾರಕ್ಕೊಂದು ದಿನ ಕುಳಿತುಕೊಳ್ಳಲಿ. ಹಿರಿಯರು ಓದಲಿ, ಮಕ್ಕಳು ಬರೆದುಕೊಳ್ಳಲಿ. ಊರಿಗೆ ಬಾವಿ ತೋಡಿಸಿದವರು, ಶಾಲೆಗೆ ಜಾಗ ಕೊಟ್ಟವರು, ಹೆಣ್ಣುಮಕ್ಕಳಿಗೆ ಅಕ್ಷರ ಕಲಿಸಿದ ಬೀಬಿಯರು, ಎಲ್ಲ ಜಾತಿಮತದವರ ಹೆಸರೂ ಆ ಪುಸ್ತಕದಲ್ಲಿರಲಿ. ಇದಕ್ಕೆ 630 ಅಡಿಯ ಕಂಬಸಾಲು ಬೇಡ. ಒಂದು ನೋಟುಪುಸ್ತಕ ಸಾಕು, ಅದನ್ನು ಮುಂದಿನ ಕೈಗೆ ದಾಟಿಸುವ ಒಬ್ಬರು ಸಾಕು. ವೃತ್ತಕ್ಕೆ ಹೆಸರಿಡುವ ವಾದವನ್ನು ಅದು ತುಂಬಿದ ಮೇಲೆ ನಡೆಸೋಣ.