ಬದು ಉಳಿದರೆ ಬೆಳೆ

ನೇಪಾಳದ ಮೂಡಣ ತುದಿಯ ಗುಡ್ಡಗಾಡು ಜಿಲ್ಲೆ ಇಲಾಮ್. ಅಲ್ಲಿ ರೋಂಗ್ ಎಂಬ ಗ್ರಾಮಪಾಲಿಕೆ 2017ರಲ್ಲಿ ಏರ್ಪಟ್ಟಿತು. ಲೆಪ್ಚಾ ಜನ ತಮ್ಮನ್ನು ಕರೆದುಕೊಳ್ಳುವ ಹೆಸರೇ ಅದು. ಲಿಂಬು, ರಾಯ್, ತಮಾಂಗ್, ಬಾಹುನ್, ಛೇತ್ರಿಗಳೂ ಅಲ್ಲುಂಟು. ಮನೆಮಾತು ಹಲವು, ಸಂತೆಯ ಮಾತು ನೇಪಾಳಿ.

ಇಳಿಜಾರು ಹೊಲದ ಮಣ್ಣು ಜೋರು ಮಳೆಗೆ ಕೊಚ್ಚಿಹೋದೀತು. ಅದಕ್ಕೇ ಆ ಸೀಮೆಯವರು ಬದುವಿನ ಮೇಲೆ ಅಮ್ರಿಸೋ ಹುಲ್ಲು ನೆಡುತ್ತಾರೆ. ಬೇರು ಮಣ್ಣು ಹಿಡಿಯುತ್ತದೆ, ಎಲೆ ದನಕ್ಕೆ ಮೇವು, ತೆನೆ ಪೊರಕೆಯಾಗಿ ಮಾರಾಟ. ಕೆಲಸಕ್ಕೆ ಆಳು ಸಾಲದಿದ್ದರೆ ‘ಪರ್ಮಾ’ ಉಂಟು. ಅಂದರೆ ನಮ್ಮ ಮುಯ್ಯಾಳು.

ದುಡಿಯುವ ಹುಡುಗರು ಪರದೇಶ ಸೇರಿ ಬದು ಪಾಳುಬಿದ್ದರೆ, ಮೇಲಿನವನ ಮಣ್ಣು, ಕೆಳಗಿನವನ ಪೈರು ಎರಡೂ ಹೋದಾವು. ಗುಡ್ಡದ ನೀರು ಜಾತಿ, ಭಾಷೆ ಕೇಳುವುದಿಲ್ಲ. ನೀವೂ ಮಳೆಗೆ ಮುಂಚೆ ನೆರೆಯವರೊಡನೆ ಕೂಡಿ ಬದು ನೋಡಿಕೊಳ್ಳಿ.